ಸಂಗೀತವನ್ನು ಬರೆದಿಡುವ ಯೋಚನೆ ಮೊದಲು ಯಾರಿಗೆ ಬಂತು?

ಕಲಿಯುವವಳು

ಎಲ್ಲರಿಗೂ ನಮಸ್ಕಾರ. ನಾನು ಈಚೆಗೆ ಸ್ಟಾಫ್ ನೊಟೇಶನ್ (ಅಡ್ಡಗೆರೆಗಳ ಮೇಲೆ ಸ್ವರಗಳನ್ನು ಬರೆಯುವ ಪಾಶ್ಚಾತ್ಯ ಪದ್ಧತಿ) ಓದಲು ಕಲಿಯುತ್ತಿದ್ದೇನೆ. ಇದರ ಇತಿಹಾಸ ಹುಡುಕಿದರೆ ಎಲ್ಲ ಕಡೆ ಒಂದೇ ಸಾಲು ಸಿಗುತ್ತದೆ: ಇಟಲಿಯ ಗೀಡೋ ಎಂಬ ಸನ್ಯಾಸಿ 11ನೇ ಶತಮಾನದಲ್ಲಿ ಇದನ್ನು ಕಂಡುಹಿಡಿದ. ಅಷ್ಟೇನಾ? ಅದಕ್ಕೂ ಮುಂಚೆ ಜನ ಸಾವಿರಾರು ವರ್ಷ ಹಾಡಿದ್ದಾರೆ, ನುಡಿಸಿದ್ದಾರೆ. ಅವರಲ್ಲಿ ಯಾರಿಗೂ ಬರೆದಿಡಬೇಕು ಅನಿಸಲಿಲ್ವಾ? ಗೊತ್ತಿರುವವರು ಸ್ವಲ್ಪ ಬಿಡಿಸಿ ಹೇಳಿ.

ಹಳೆಕಾಗದ

ತುಂಬಾ ಒಳ್ಳೆಯ ಪ್ರಶ್ನೆ. ಗೀಡೋಗಿಂತ ಎರಡೂವರೆ ಸಾವಿರ ವರ್ಷ ಹಿಂದೆ ಹೋಗೋಣ.

ಈಗಿನ ಸಿರಿಯಾದ ಕಡಲತೀರದಲ್ಲಿ ಉಗರಿಟ್ ಎಂಬ ಹಳೆಯ ನಗರ ಇತ್ತು. 1950ರ ದಶಕದಲ್ಲಿ ಅಲ್ಲಿ ಅಗೆದಾಗ ಕೆಲವು ಮಣ್ಣಿನ ಹಲಗೆಗಳು ಸಿಕ್ಕವು. ಅವು ಸುಮಾರು ಕ್ರಿ.ಪೂ. 1400ರ ಕಾಲದವು. ಅವುಗಳಲ್ಲಿ ಒಂದು ಮಾತ್ರ ಹೆಚ್ಚುಕಮ್ಮಿ ಪೂರ್ತಿಯಾಗಿದೆ. ಅದು ನಿಕ್ಕಲ್ ಎಂಬ ದೇವಿಯ ಸ್ತುತಿ. ಮೇಲಿನ ಭಾಗದಲ್ಲಿ ಹುರ್ರಿಯನ್ ಭಾಷೆಯ ಸಾಹಿತ್ಯ. ನಡುವೆ ಎರಡು ಗೆರೆ. ಕೆಳಗೆ ತಂತಿಗಳ ಜೋಡಿಯನ್ನು ಸೂಚಿಸುವ ಹೆಸರುಗಳು, ಪ್ರತಿ ಹೆಸರಿನ ಪಕ್ಕ ಒಂದು ಅಂಕಿ. ವಾದ್ಯವನ್ನು ಹೇಗೆ ಶ್ರುತಿ ಮಾಡಿಕೊಳ್ಳಬೇಕು ಅನ್ನುವ ಸೂಚನೆಯೂ ಇದೆ.

ಇದನ್ನು ಓದಲು ಬೇಕಾದ ಕೀಲಿಕೈ ಬ್ಯಾಬಿಲೋನಿಯಾದ ಬೇರೆ ಹಲಗೆಗಳಲ್ಲಿ ಸಿಕ್ಕಿತು. ಅವುಗಳಲ್ಲಿ ತಂತಿಗಳ ಹೆಸರು, ಶ್ರುತಿ ಮಾಡುವ ಕ್ರಮ ಎಲ್ಲ ಇದೆ. ಆದರೂ ಒಬ್ಬ ವಿದ್ವಾಂಸರು ಕಟ್ಟಿದ ಹಾಡಿಗೂ ಇನ್ನೊಬ್ಬರು ಕಟ್ಟಿದ್ದಕ್ಕೂ ಹೋಲಿಕೆಯೇ ಇಲ್ಲ. ತಂತಿ ಜೋಡಿಯ ಹೆಸರು ಬರೆದಿದ್ದಾರೆ ಸರಿ. ಆ ಎರಡು ತಂತಿಯನ್ನು ಒಟ್ಟಿಗೆ ಮೀಟಬೇಕಾ, ಒಂದರ ಹಿಂದೆ ಒಂದಾ, ಅಥವಾ ನಡುವಿನ ಸ್ವರಗಳನ್ನೂ ಸೇರಿಸಿ ಹೋಗಬೇಕಾ? ಪಕ್ಕದ ಅಂಕಿ ಎಷ್ಟು ಸಲ ಅಂತಲಾ, ಬೇರೆ ಏನಾದರೂನಾ? ಅದನ್ನು ಬರೆದಿಲ್ಲ. ಯಾಕೆ ಬರೆದಿಲ್ಲ ಅಂದರೆ, ಆಗ ಅದನ್ನು ನುಡಿಸುತ್ತಿದ್ದ ಪ್ರತಿಯೊಬ್ಬರಿಗೂ ಗೊತ್ತಿತ್ತು.

ನನ್ನ ಪ್ರಕಾರ ನೊಟೇಶನ್ ಇತಿಹಾಸದ ತಿರುಳೇ ಇದು. ಯಾವ ಕಾಲದಲ್ಲೂ ಯಾರೂ ಪೂರ್ತಿ ಸಂಗೀತವನ್ನು ಬರೆದಿಲ್ಲ. ಮರೆತುಹೋಗಬಹುದು ಅಂತ ಅನಿಸಿದ್ದನ್ನಷ್ಟೇ ಬರೆದರು. ಮರೆಯೋಕೆ ಸಾಧ್ಯವೇ ಇಲ್ಲ ಅಂದುಕೊಂಡಿದ್ದನ್ನು ಬಿಟ್ಟರು. ಸಾವಿರ ವರ್ಷ ಕಳೆದ ಮೇಲೆ ನಮಗೆ ಬೇಕಾಗಿರುವುದು ಆ ಬಿಟ್ಟಿರುವ ಭಾಗವೇ.

ಲಯದ ಹುಚ್ಚು

ಗ್ರೀಕರನ್ನು ಮರೆಯಬೇಡಿ. ಸೈಕಿಲೋಸ್ ಶಾಸನ ನನಗೆ ತುಂಬಾ ಇಷ್ಟ. ಈಗಿನ ಟರ್ಕಿಯ ಐದಿನ್ ಹತ್ತಿರ 1883ರಲ್ಲಿ ಬೆಳಕಿಗೆ ಬಂದ ಒಂದು ಗುಂಡು ಕಂಬ ಅದು. ಕ್ರಿ.ಶ. 1 ಅಥವಾ 2ನೇ ಶತಮಾನದ್ದು. ಪೂರ್ತಿಯಾಗಿ ಉಳಿದಿರುವ ಹಾಡುಗಳಲ್ಲಿ ಎಲ್ಲಕ್ಕಿಂತ ಹಳೆಯದು ಅಂತ ಅದನ್ನೇ ಹೇಳುತ್ತಾರೆ. ಪುಟ್ಟ ಹಾಡು. ಬದುಕಿರುವಷ್ಟು ದಿನ ಬೆಳಗು, ದುಃಖಪಡಬೇಡ, ಬದುಕು ಚಿಕ್ಕದು ಅನ್ನುವ ಅರ್ಥದ ಸಾಹಿತ್ಯ.

ಸಾಹಿತ್ಯದ ಮೇಲೆ ಸ್ವರವನ್ನು ಸೂಚಿಸುವ ಅಕ್ಷರಗಳಿವೆ. ಅದರ ಮೇಲೆ ಅಡ್ಡಗೆರೆಗಳಿವೆ: ಈ ಸ್ವರ ಎರಡರಷ್ಟು ಉದ್ದ, ಇದು ಮೂರರಷ್ಟು ಉದ್ದ ಅಂತ. ಅಂದರೆ ಶ್ರುತಿ, ಕಾಲ ಎರಡೂ ಕಲ್ಲಿನ ಮೇಲಿವೆ. ಈ ಅಕ್ಷರಗಳನ್ನು ಓದಲು ಅಲಿಪಿಯಸ್ ಎಂಬವನು ಬರೆದಿಟ್ಟ ಕೋಷ್ಟಕಗಳು ನೆರವಾದವು. ಹಾಡುವವರಿಗೆ ಒಂದು ಬಗೆಯ ಗುರುತು, ನುಡಿಸುವವರಿಗೆ ಇನ್ನೊಂದು ಬಗೆಯ ಗುರುತು ಅಂತ ಅವನು ಪಟ್ಟಿ ಮಾಡಿದ್ದ.

ಕಂಬ ಸಿಕ್ಕ ಮೇಲೆ ಹೂಕುಂಡ ಇಡೋಕೆ ಸರಿಯಾಗಲಿ ಅಂತ ಅದರ ಬುಡವನ್ನು ಕೊಯ್ದುಬಿಟ್ಟರು! ಕೊನೆಯ ಸಾಲು ಹಾಳಾಗಿದ್ದು ಹಾಗೆ. ಹಾಡು ಉಳಿದಿದ್ದು ನಮ್ಮ ಪುಣ್ಯ. ಈಗ ಅದು ಡೆನ್ಮಾರ್ಕ್‌ನ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿದೆ.

ಕಲಿಯುವವಳು

ಇಷ್ಟು ಚೆನ್ನಾಗಿ ಬರೆಯೋಕೆ ಬರುತ್ತಿತ್ತು ಅಂದಮೇಲೆ ಯುರೋಪಿನವರು ಅದನ್ನೇ ಯಾಕೆ ಮುಂದುವರಿಸಲಿಲ್ಲ? ಗೀಡೋ ಬರುವವರೆಗೆ ಕಾಯಬೇಕಾಗಿದ್ದು ಯಾಕೆ?

ಹಳೆಕಾಗದ

ಆ ಪದ್ಧತಿ ಪೂರ್ತಿ ಮರೆತುಹೋಯಿತು. 7ನೇ ಶತಮಾನದ ಸ್ಪೇನಿನಲ್ಲಿ ಸೆವಿಲ್‌ನ ಇಸಿಡೋರ್ ಎಂಬ ದೊಡ್ಡ ವಿದ್ವಾಂಸ ಇದ್ದ. ನಾದವನ್ನು ಮನುಷ್ಯ ನೆನಪಿನಲ್ಲಿ ಇಟ್ಟುಕೊಳ್ಳದಿದ್ದರೆ ಅದು ಅಳಿದುಹೋಗುತ್ತದೆ, ಯಾಕೆಂದರೆ ಅದನ್ನು ಬರೆಯಲು ಆಗುವುದಿಲ್ಲ ಅಂತ ಅವನು ಬರೆದಿದ್ದಾನೆ. ಅವನ ಕಾಲಕ್ಕೆ ಅದು ನಿಜವೇ ಆಗಿತ್ತು.

ಮತ್ತೆ ಬರೆಯುವ ಒತ್ತಡ ಬಂದದ್ದು ಆಳುವವರಿಂದ. ಶಾರ್ಲ್‌ಮೇನ್ ಮತ್ತು ಅವನ ಮನೆತನದವರು ತಮ್ಮ ರಾಜ್ಯದ ಎಲ್ಲ ಚರ್ಚುಗಳಲ್ಲೂ ರೋಮಿನ ರೀತಿಯಲ್ಲೇ ಹಾಡಬೇಕು ಅಂದರು. ಆಗಿನ ಹಾಡುಗಾರರು ವರ್ಷವಿಡೀ ಬೇಕಾಗುವ ನೂರಾರು ಹಾಡುಗಳನ್ನು ಬಾಯಿಪಾಠ ಮಾಡುತ್ತಿದ್ದರು. ಅದು ಎಲ್ಲ ಕಡೆ ಒಂದೇ ರೀತಿ ಇರಬೇಕು ಅಂದರೆ ಬರೀ ನೆನಪು ಸಾಲದು. 9ನೇ ಶತಮಾನದಿಂದ ಸಾಹಿತ್ಯದ ಮೇಲೆ ಪುಟ್ಟ ಪುಟ್ಟ ಗೀಟುಗಳು ಕಾಣಿಸಿಕೊಂಡವು. ಇವಕ್ಕೆ ನ್ಯೂಮ್ ಅನ್ನುತ್ತಾರೆ.

ಮೊದಲ ನ್ಯೂಮ್‌ಗಳಲ್ಲಿ ಗೆರೆಗಳೇ ಇಲ್ಲ. ದನಿ ಮೇಲೆ ಹೋಗುತ್ತದಾ, ಕೆಳಗೆ ಬರುತ್ತದಾ, ಮೇಲೆ ಹೋಗಿ ಇಳಿಯುತ್ತದಾ ಎಂದಷ್ಟೇ ತಿಳಿಯುತ್ತದೆ. ಎಷ್ಟು ಮೇಲೆ ಅನ್ನುವುದು ಇಲ್ಲ. ಹಾಡು ಮೊದಲೇ ಗೊತ್ತಿದ್ದರೆ ಮಾತ್ರ ಉಪಯೋಗ. ಆದರೆ ಅವು ಒರಟು ಗುರುತುಗಳು ಅಂದುಕೊಳ್ಳಬೇಡಿ. ಸ್ವಿಟ್ಜರ್ಲೆಂಡಿನ ಸಾಂಕ್ಟ್ ಗಾಲೆನ್ ಮಠದ 10ನೇ ಶತಮಾನದ ಹಸ್ತಪ್ರತಿಗಳಲ್ಲಿ ಗೀಟುಗಳ ಪಕ್ಕ ಸಣ್ಣ ಅಕ್ಷರಗಳೂ ಇವೆ: ಇಲ್ಲಿ ಬೇಗ ಸಾಗು, ಇಲ್ಲಿ ಸ್ವಲ್ಪ ನಿಲ್ಲು. ಎಷ್ಟು ಎತ್ತರಕ್ಕೆ ಹಾಡಬೇಕು ಅಂತ ಹೇಳದ ಪುಸ್ತಕ, ಹೇಗೆ ಹಾಡಬೇಕು ಅಂತ ಇಷ್ಟು ಸೂಕ್ಷ್ಮವಾಗಿ ಹೇಳುತ್ತದೆ. ಎತ್ತರ ಅವರಿಗೆ ಬಾಯಿಗೆ ಬರುತ್ತಿತ್ತಲ್ಲ.

ಗೀಡೋ ಬರುವುದು ಇಲ್ಲಿ. ಗೆರೆ ಎಳೆಯುವ ಪ್ರಯತ್ನಗಳು ಅವನಿಗಿಂತ ಮುಂಚೆಯೂ ನಡೆದಿದ್ದವು. 9ನೇ ಶತಮಾನದ ಒಂದು ಶಾಸ್ತ್ರಗ್ರಂಥದಲ್ಲಿ ಗೆರೆಗಳ ನಡುವೆ ಸಾಹಿತ್ಯದ ಅಕ್ಷರಗಳನ್ನೇ ಮೇಲೆ ಕೆಳಗೆ ಜೋಡಿಸಿ ತೋರಿಸಿದ್ದಾರೆ. ಗೀಡೋ ಮಾಡಿದ್ದು ಏನೆಂದರೆ, ಗೆರೆಯೂ ಒಂದು ಸ್ವರ, ಎರಡು ಗೆರೆಯ ನಡುವಿನ ಜಾಗವೂ ಒಂದು ಸ್ವರ ಅಂತ ನಿಯಮ ಮಾಡಿದ. ಅಲ್ಲಿ ಸ್ವರಗಳನ್ನು ಎ (A) ಯಿಂದ ಜಿ (G) ವರೆಗಿನ ಅಕ್ಷರಗಳಿಂದ ಕರೆಯುತ್ತಾರೆ. ಎಫ್ (F) ಸ್ವರದ ಗೆರೆಗೆ ಕೆಂಪು ಬಣ್ಣ, ಸಿ (C) ಸ್ವರದ ಗೆರೆಗೆ ಹಳದಿ. ಅರ್ಧ ಸ್ವರದ ಅಂತರ ಬರುವುದು ಈ ಎರಡರ ಕೆಳಗೆ. ಹಾಡುವವರು ತಪ್ಪುವುದೂ ಅಲ್ಲೇ. ಕಣ್ಣಿಗೆ ಹೊಡೆಯುವ ಬಣ್ಣ ಅಲ್ಲೇ ಹಾಕಿದ. ಪಾಠ ಹೇಳಿ ಪಳಗಿದ ಮೇಷ್ಟ್ರಿಗೆ ಮಾತ್ರ ಹೊಳೆಯುವ ಉಪಾಯ ಇದು.

ಇನ್ನೊಂದು ಮಾತು. ಗೀಡೋ ಪದ್ಧತಿಯಿಂದ ಬೆಳೆದು ನಿಂತಿದ್ದು ನಾಲ್ಕು ಗೆರೆಯ ಕ್ರಮ. ಚರ್ಚಿನ ಹಳೆಯ ಹಾಡುಗಳನ್ನು ಇವತ್ತಿಗೂ ನಾಲ್ಕು ಗೆರೆಯಲ್ಲೇ ಅಚ್ಚು ಹಾಕುತ್ತಾರೆ. ಐದು ಗೆರೆ ನೆಲೆಯಾಗಿದ್ದು ಆಮೇಲೆ. ಕೀಲಿಮಣೆ ವಾದ್ಯಗಳಿಗೆ ಆರು, ಎಂಟು ಗೆರೆ ಬಳಸಿದ ಕಾಲವೂ ಇತ್ತು.

ಪಿಯಾನೋ ಪಾಠ

ಗೀಡೋ ಬಗ್ಗೆ ಒಂದು ವಿಷಯ ಸೇರಿಸುತ್ತೇನೆ. ಪರಿಚಯವಿಲ್ಲದ ಹಾಡನ್ನು ಕಲಿಯುವ ಬಗ್ಗೆ ಅವನು ಬರೆದ ಒಂದು ಪತ್ರ ಉಳಿದಿದೆ. ಅದರಲ್ಲಿ ಪೋಪ್ 19ನೇ ಜಾನ್ ತನ್ನನ್ನು ರೋಮಿಗೆ ಕರೆಸಿಕೊಂಡ ಕಥೆ ಹೇಳುತ್ತಾನೆ. ಪೋಪ್ ಪುಸ್ತಕವನ್ನು ತಿರುವಿ ನೋಡಿ, ತಾನು ಎಂದೂ ಕೇಳದ ಒಂದು ಸಾಲನ್ನು ತಾನೇ ಓದಿ ಹಾಡಿದನಂತೆ. ಹಾಡುವವರು ತಯಾರಾಗಲು ಹತ್ತು ವರ್ಷ ಹಿಡಿಯುತ್ತಿತ್ತು, ಈಗ ಒಂದು, ಹೆಚ್ಚೆಂದರೆ ಎರಡು ವರ್ಷ ಸಾಕು ಅಂತಲೂ ಬರೆದಿದ್ದಾನೆ.

ಇದು ಎಷ್ಟು ದೊಡ್ಡ ತಿರುವು ಅಂತ ಯೋಚಿಸಿ. ಆವರೆಗೆ ಬರಹ ಇದ್ದದ್ದು ಕಲಿತದ್ದನ್ನು ನೆನಪಿಸಿಕೊಳ್ಳಲು. ಈಗ ಕೇಳದೇ ಇರುವ ಹಾಡನ್ನು ಹಾಡಬಹುದು. ಹಾಡು ಕಲಿಸಿದವರು ಸತ್ತು ಹೋಗಿರಬಹುದು, ಬೇರೆ ದೇಶದಲ್ಲಿರಬಹುದು. ಪರವಾಗಿಲ್ಲ.

ಉತ್, ರೆ, ಮಿ, ಫಾ, ಸೋಲ್, ಲಾ ಕೂಡ ಅವನದೇ. ಒಂದು ಲ್ಯಾಟಿನ್ ಸ್ತುತಿಯ ಪ್ರತಿ ಸಾಲೂ ಹಿಂದಿನದಕ್ಕಿಂತ ಒಂದು ಸ್ವರ ಮೇಲೆ ಶುರುವಾಗುತ್ತದೆ. ಆ ಸಾಲುಗಳ ಮೊದಲ ಅಕ್ಷರಗಳನ್ನೇ ಸ್ವರದ ಹೆಸರಾಗಿ ಹಿಡಿದ. ಉತ್ ಮುಂದೆ ದೋ ಆಯಿತು. ಏಳನೆಯ ಸಿ (si) ಆಮೇಲೆ ಸೇರಿತು; ಇದು ಮೇಲೆ ಹೇಳಿದ ಸಿ (C) ಅಲ್ಲ.

ತಂಬೂರಿ

ಎಲ್ಲ ಓದಿದೆ. ಚೆನ್ನಾಗಿದೆ. ಆದರೆ ನನಗೆ ಒಂದು ತಕರಾರು ಇದೆ. ಕೇಳದ ಹಾಡನ್ನು ಹಾಡಬಹುದು ಅಂದಿರಿ. ಹಾಡಬಹುದು, ಆದರೆ ಅದು ಆ ಹಾಡೇನಾ? ಗುರುವಿನ ಎದುರು ಕೂತು ಕಲಿತಾಗ ಬರುವ ಗಮಕ, ಉಸಿರು, ಒತ್ತು ಕಾಗದದಲ್ಲಿ ಎಲ್ಲಿದೆ? ಬರಹಕ್ಕೆ ಸಿಕ್ಕಷ್ಟು ಮಾತ್ರ ಸಂಗೀತ ಅಂತ ಆಗಿಬಿಡುತ್ತದೆ. ಉಳಿದದ್ದು ನಿಧಾನವಾಗಿ ಮರೆಯಾಗುತ್ತದೆ. ಬರೆದಿಟ್ಟಿದ್ದರಿಂದ ಉಳಿದದ್ದನ್ನೇ ಎಣಿಸುತ್ತೇವೆ, ಕಳೆದದ್ದನ್ನೂ ಎಣಿಸಬೇಕು ಅಲ್ವಾ?

ಹಳೆಕಾಗದ

ತಂಬೂರಿಯವರೇ, ನಿಮ್ಮ ಮಾತನ್ನು ಯುರೋಪಿನವರೇ ಒಪ್ಪಿಕೊಂಡಿದ್ದಾರೆ. ಫ್ರಾನ್ಸಿನ ಫ್ರಾಂಸ್ವಾ ಕುಪ್ರಾಂ 1716ರಲ್ಲಿ ಹಾರ್ಪ್ಸಿಕಾರ್ಡ್ ಎಂಬ ಕೀಲಿಮಣೆ ವಾದ್ಯ ನುಡಿಸುವ ಬಗ್ಗೆ ಒಂದು ಪುಸ್ತಕ ಬರೆದ. ನಾವು ಬರೆಯುವುದೇ ಒಂದು, ನುಡಿಸುವುದೇ ಇನ್ನೊಂದು ಅಂತ ಅದರಲ್ಲಿ ಹೇಳುತ್ತಾನೆ. ಕಾಗದದಲ್ಲಿ ಸಮನಾಗಿ ಕಾಣುವ ಸ್ವರಗಳನ್ನು ಅವರು ಒಂದು ಉದ್ದ ಒಂದು ಗಿಡ್ಡ ಮಾಡಿ ನುಡಿಸುತ್ತಿದ್ದರು. ಈಗಿನ ಜಾಝ್‌ನಲ್ಲೂ ಅದೇ ನಡೆಯುತ್ತದೆ.

ಆದರೆ ಬರಹ ಗಮಕವನ್ನು ಹಿಡಿಯೋಕೇ ಆಗಲ್ಲ ಅನ್ನುವುದನ್ನು ನಾನು ಒಪ್ಪುವುದಿಲ್ಲ. ಎಟ್ಟಯಪುರದಲ್ಲಿ 1904ರಲ್ಲಿ ಅಚ್ಚಾದ ಸುಬ್ಬರಾಮ ದೀಕ್ಷಿತರ ಸಂಗೀತ ಸಂಪ್ರದಾಯ ಪ್ರದರ್ಶಿನಿ ನೋಡಿ. ತೆಲುಗು ಲಿಪಿಯ ಸ್ವರಗಳ ಮೇಲೆ ಕಂಪಿತ, ಜಾರು ಮುಂತಾದ ಗಮಕಗಳಿಗೆ ಬೇರೆ ಬೇರೆ ಗುರುತುಗಳಿವೆ. ತಮ್ಮ ಮನೆತನದ ಸಂಪತ್ತು ಬರೀ ನೆನಪಿನಲ್ಲಿದ್ದರೆ ಉಳಿಯದು ಅನ್ನುವ ಕಾಳಜಿ ಆ ಕೆಲಸದಲ್ಲಿ ಕಾಣುತ್ತದೆ.

ಇನ್ನೂ ಹಿಂದಿನದು ಬೇಕಾದರೆ ತಮಿಳುನಾಡಿನ ಕುಡುಮಿಯಾನ್‌ಮಲೈ ಬಂಡೆ ಶಾಸನ ಇದೆ. 7 ಅಥವಾ 8ನೇ ಶತಮಾನದ್ದು ಅನ್ನುತ್ತಾರೆ. ಏಳು ಭಾಗ. ಅದರಲ್ಲಿ ಸ್ವರಾಕ್ಷರ ಬರೀ ರ ಅಂತ ಇಲ್ಲ. ರ, ರಿ, ರು, ರೆ ಅಂತ ಬದಲಾಗುತ್ತಾ ಹೋಗುತ್ತದೆ. ಎಲ್ಲ ಸ್ವರಕ್ಕೂ ಹೀಗೆಯೇ. ಈ ಬದಲಾವಣೆ ಶ್ರುತಿಯದ್ದಾ, ನುಡಿಸುವ ಬೆರಳಿನದ್ದಾ ಅಂತ ವಿದ್ವಾಂಸರು ಇನ್ನೂ ವಾದ ಮಾಡುತ್ತಿದ್ದಾರೆ. ಉಗರಿಟ್ ಕಥೆಯೇ ಮತ್ತೆ: ಕೆತ್ತಿದವರಿಗೆ ಗೊತ್ತಿತ್ತು, ಹಾಗಾಗಿ ವಿವರಿಸಲಿಲ್ಲ.

ತಂಬೂರಿ

ಅಲ್ಲಿಗೆ ನನ್ನ ಮಾತೇ ಉಳಿಯಿತಲ್ಲ! ಹೇಳಿಕೊಡುವ ಗುರುಪರಂಪರೆ ಕಡಿದರೆ ಬಂಡೆಯ ಮೇಲೆ ಕೆತ್ತಿದ್ದೂ ಮೂಕ.

ಓಲೆಗರಿ

ಇಬ್ಬರ ಮಾತೂ ಕೂಡುವ ಒಂದು ಉದಾಹರಣೆ ಚೀನಾದಲ್ಲಿದೆ. ಏಳು ತಂತಿಯ ಗುಛಿನ್ ವಾದ್ಯ. ಅದರ ಎಲ್ಲಕ್ಕಿಂತ ಹಳೆಯ ಬರಹ ತಾಂಗ್ ರಾಜಮನೆತನದ ಕಾಲದ ಒಂದು ಸುರುಳಿ, ಈಗ ಟೋಕಿಯೋದಲ್ಲಿದೆ. ಅದರಲ್ಲಿ ಸ್ವರವೇ ಇಲ್ಲ! ಯಾವ ಬೆರಳು, ಯಾವ ತಂತಿ, ಎಲ್ಲಿ ಒತ್ತಬೇಕು ಅಂತ ವಾಕ್ಯಗಳಲ್ಲಿ ಬರೆದಿದ್ದಾರೆ. ಒಂದು ಮೀಟಿಗೆ ಅಷ್ಟು ಮಾತು. ಆಮೇಲೆ ಆ ಪದಗಳ ತುಂಡುಗಳನ್ನು ಒಟ್ಟು ಸೇರಿಸಿ ಒಂದೇ ಅಕ್ಷರದಂತೆ ಬರೆಯುವ ಪದ್ಧತಿ ಬಂತು. ಒಂದು ಗುರುತಿನಲ್ಲೇ ಎಡಗೈ ಬೆರಳು, ಒತ್ತುವ ಜಾಗ, ಬಲಗೈ ಮೀಟು, ತಂತಿಯ ಸಂಖ್ಯೆ ಎಲ್ಲ ಇರುತ್ತದೆ.

ಅಂದರೆ ತಂಬೂರಿಯವರು ಕೇಳುವ ಕೈಯ ಸೂಕ್ಷ್ಮ ಅದರಲ್ಲಿದೆ. ಇಲ್ಲದ್ದು ಲಯ. ಯಾವ ಸ್ವರ ಎಷ್ಟು ಹೊತ್ತು ಅಂತ ಬರೆದಿಲ್ಲ. ಹಳೆಯ ಪುಸ್ತಕದಿಂದ ಒಂದು ಕೃತಿಯನ್ನು ಎತ್ತಿ ನುಡಿಸುವಾಗ ಕಾಲವನ್ನು ವಾದಕರೇ ಕಂಡುಕೊಳ್ಳಬೇಕು. ಅದೇ ಅಲ್ಲಿ ಒಂದು ದೊಡ್ಡ ಕಲೆ.

ಕೊರಿಯಾದಲ್ಲಿ ಇದಕ್ಕೆ ತದ್ವಿರುದ್ಧ. 15ನೇ ಶತಮಾನದಲ್ಲಿ ಸೆಜೋಂಗ್ ರಾಜನ ಕಾಲದಲ್ಲಿ ಚೌಕಗಳ ನೊಟೇಶನ್ ಬಂತು. ಒಂದು ಸಾಲಿಗೆ 32 ಚೌಕ. ಒಂದು ಚೌಕ ಅಂದರೆ ಇಷ್ಟು ಕಾಲ. ಸ್ವರದ ಹೆಸರನ್ನು ಚೌಕದಲ್ಲಿ ಬರೆಯಿರಿ, ಮುಂದಿನ ಚೌಕಗಳು ಖಾಲಿ ಇದ್ದರೆ ಅದೇ ಸ್ವರ ಮುಂದುವರಿಯುತ್ತದೆ. ಎಷ್ಟು ಸರಳ ನೋಡಿ. ಈಗ ಕಂಪ್ಯೂಟರಿನಲ್ಲಿ ತಾಳ ಜೋಡಿಸುವ ಸಾಫ್ಟ್‌ವೇರ್‌ಗಳಲ್ಲೂ ಇಂಥ ಚೌಕಗಳೇ ಇರುತ್ತವೆ.

ಲಯದ ಹುಚ್ಚು

ಲಯದ ಮಾತು ಬಂತು, ಇನ್ನು ನಾನು ಸುಮ್ನೆ ಇರಲಾರೆ.

ಗೀಡೋ ಎತ್ತರವನ್ನು ಬರೆದ. ಕಾಲವನ್ನು ಬರೆಯಲಿಲ್ಲ. ಒಬ್ಬರೇ ಅಥವಾ ಎಲ್ಲರೂ ಒಂದೇ ಸ್ವರ ಹಾಡುವಾಗ ಅದು ನಡೆಯುತ್ತದೆ. ಮೂರು ನಾಲ್ಕು ಜನ ಬೇರೆ ಬೇರೆ ಸ್ವರಸಾಲುಗಳನ್ನು ಒಟ್ಟಿಗೆ ಹಾಡಬೇಕಾದರೆ ಎಲ್ಲಿ ಕೂಡಬೇಕು ಅನ್ನುವುದು ಗೊತ್ತಿರಲೇಬೇಕು. 1200ರ ಹೊತ್ತಿಗೆ ಪ್ಯಾರಿಸ್ಸಿನ ನೊತ್ರ್ ದಾಮ್‌ನಲ್ಲಿ ಈ ಬಗೆಯ ಹಾಡುಗಾರಿಕೆ ಬೆಳೆಯಿತು. ಲಿಯೋನಿನ್, ಪೆರೋಟಿನ್ ಎಂಬ ಇಬ್ಬರ ಹೆಸರು ಉಳಿದಿದೆ. ಅವರ ಪದ್ಧತಿಯಲ್ಲಿ ಒಂಟಿ ಸ್ವರಕ್ಕೆ ನಿಗದಿಯಾದ ಕಾಲ ಇಲ್ಲ. ಸ್ವರಗಳ ಗುಂಪುಗಳು ಯಾವ ಕ್ರಮದಲ್ಲಿವೆ ಅನ್ನುವುದರ ಮೇಲೆ ಲಯವನ್ನು ಊಹಿಸಬೇಕು. ಅಂಥ ಆರು ಮಾದರಿಗಳಿದ್ದವು.

13ನೇ ಶತಮಾನದಲ್ಲಿ ಕಲೋನಿನ ಫ್ರಾಂಕೋ ಒಂದು ದಿಟ್ಟ ಹೆಜ್ಜೆ ಇಟ್ಟ. ಸ್ವರದ ಆಕಾರ ನೋಡಿದರೆ ಅದರ ಕಾಲ ತಿಳಿಯಬೇಕು ಅಂದ. ಇವತ್ತು ನೀವು ಕಲಿಯುತ್ತಿರುವ ಕ್ವಾರ್ಟರ್ ನೋಟ್, ಹಾಫ್ ನೋಟ್ ಎಲ್ಲ ಆ ಒಂದು ಯೋಚನೆಯ ಮಕ್ಕಳು. ಅವನಿಗೆ ಮೂರರ ಲೆಕ್ಕವೇ ಪೂರ್ಣ. ಒಬ್ಬನೇ ದೇವರಲ್ಲಿ ಮೂವರು ಎನ್ನುವ ಕ್ರೈಸ್ತರ ತ್ರಿತ್ವದ ನಂಬಿಕೆ ಅದರ ಹಿಂದಿತ್ತು. ಎರಡರ ಲೆಕ್ಕಕ್ಕೂ ಸಮನಾದ ಸ್ಥಾನ ಸಿಕ್ಕಿದ್ದು 14ನೇ ಶತಮಾನದಲ್ಲಿ, ಫಿಲಿಪ್ ದ ವಿತ್ರಿ ಮತ್ತು ಅವನ ಜೊತೆಯವರ ಕಾಲಕ್ಕೆ. ಪೂರ್ತಿ ವೃತ್ತ ಅಂದರೆ ಮೂರರ ಲೆಕ್ಕ. ಅರ್ಧ ವೃತ್ತ ಅಂದರೆ ಎರಡರ ಲೆಕ್ಕ. ನಾಲ್ಕು ಎಣಿಕೆಯ ತಾಳಕ್ಕೆ ಈಗ ಗೆರೆಗಳ ಆರಂಭದಲ್ಲಿ ಇಂಗ್ಲಿಷ್ ಸಿ ಅಕ್ಷರದಂಥ ಗುರುತು ಹಾಕುತ್ತಾರಲ್ಲ, ಅದು ಅಕ್ಷರವೇ ಅಲ್ಲ. ಆ ಅರ್ಧ ವೃತ್ತವೇ ಇವತ್ತಿಗೂ ಉಳಿದಿದೆ.

ಕಲಿಯುವವಳು

ಅಯ್ಯೋ, ನನಗೆ ಅದನ್ನು ಕಾಮನ್ ಟೈಮ್‌ನ ಮೊದಲ ಅಕ್ಷರ ಅಂತಲೇ ಹೇಳಿಕೊಟ್ಟಿದ್ದರು! ಹಾಗಾದರೆ ಯಾವ ಗೆರೆ ಯಾವ ಸ್ವರ ಅಂತ ತಿಳಿಸಲು ಗೆರೆಗಳ ಆರಂಭದಲ್ಲಿ ಹಾಕುವ, ಟ್ರೆಬಲ್ ಕ್ಲೆಫ್ ಅನ್ನುವ ಸುರುಳಿ ಗುರುತು? ಅದೂ ಏನೋ ಹಳೆಯದೇ ಇರಬೇಕು.

ಪಿಯಾನೋ ಪಾಠ

ಅದು ನಿಜವಾಗಿಯೂ ಅಕ್ಷರ. ಜಿ ಅಕ್ಷರ ಕೈಬರಹದಲ್ಲಿ ಬದಲಾಗುತ್ತಾ ಬದಲಾಗುತ್ತಾ ಸುರುಳಿಯಾಯಿತು. ಅದು ಸುತ್ತಿಕೊಂಡಿರುವ ಗೆರೆಯೇ ಜಿ ಸ್ವರ. ತಗ್ಗಿನ ಸ್ವರಗಳಿಗೆ ಹಾಕುವ ಬಾಸ್ ಕ್ಲೆಫ್ ಎಫ್ ಅಕ್ಷರ. ಅದರ ಎರಡು ಚುಕ್ಕಿಗಳ ನಡುವಿನ ಗೆರೆ ಎಫ್. ಗೀಡೋ ಬಣ್ಣ ಹಾಕಿದ ಗೆರೆ! ಸ್ವರವನ್ನು ಅರ್ಧ ಸ್ವರ ಇಳಿಸುವ ಫ್ಲಾಟ್, ಅದನ್ನು ಮತ್ತೆ ಮೊದಲಿನಂತೆ ಮಾಡುವ ನ್ಯಾಚುರಲ್ ಗುರುತುಗಳೂ ಹಾಗೆಯೇ. ಒಂದು ಗುಂಡಗಿನ ಬಿ, ಇನ್ನೊಂದು ಚೌಕದ ಬಿ.

ಇಷ್ಟು ತಿಳಿದುಕೊಂಡರೆ ಕಲಿಯುವವರಿಗೆ ಬಹಳ ಹಗುರ ಆಗುತ್ತದೆ. ನಾನು ಮಕ್ಕಳಿಗೆ ಮೊದಲ ಪಾಠದಲ್ಲೇ ಹೇಳಿಕೊಡುತ್ತೇನೆ.

ಓಲೆಗರಿ

ಅಚ್ಚಿನ ಬಗ್ಗೆ ಯಾರೂ ಹೇಳಲಿಲ್ಲ. ವೆನಿಸ್ಸಿನ ಒತ್ತಾವಿಯಾನೋ ಪೆತ್ರುಚ್ಚಿ 1501ರಲ್ಲಿ ಹಲವು ದನಿಗಳ ಹಾಡುಗಳ ಪುಸ್ತಕವನ್ನು ಅಚ್ಚಿನ ಮೊಳೆಗಳಿಂದ ಮುದ್ರಿಸಿದ. ಒಂದೇ ಹಾಳೆಯನ್ನು ಮೂರು ಸಲ ಒತ್ತುತ್ತಿದ್ದ: ಗೆರೆಗೆ ಒಂದು, ಸ್ವರಕ್ಕೆ ಒಂದು, ಅಕ್ಷರಕ್ಕೆ ಒಂದು. ಕೂದಲೆಳೆ ಜರುಗಿದರೂ ಸ್ವರವೇ ಬೇರೆ. ಅವನ ಪುಸ್ತಕಗಳು ಅಷ್ಟು ಅಚ್ಚುಕಟ್ಟಾಗಿವೆ. 1528ರ ಹೊತ್ತಿಗೆ ಪ್ಯಾರಿಸ್ಸಿನಲ್ಲಿ ಪಿಯೆರ್ ಅತೆಂಯಾಂ ಪ್ರತಿ ಮೊಳೆಯಲ್ಲೂ ಸ್ವರದ ಜೊತೆ ಗೆರೆಯ ತುಣುಕು ಸೇರಿಸಿ ಒಂದೇ ಒತ್ತಿನಲ್ಲಿ ಮುದ್ರಿಸಿದ. ನೋಡಲು ಅಷ್ಟು ಚೆಂದ ಇಲ್ಲ, ಗೆರೆಗಳು ಅಲ್ಲಲ್ಲಿ ತುಂಡಾಗಿ ಕಾಣುತ್ತವೆ. ಆದರೆ ಬೇಗ ಮುಗಿಯುವ ಕೆಲಸ. ಹರಡಿದ್ದು ಅದೇ.

ಲಯದ ಹುಚ್ಚು

ಅಂಕಿಯಲ್ಲಿ ಬರೆಯುವ ಪದ್ಧತಿ ಗೆಲ್ಲಲಿಲ್ಲ ಯಾಕೆ ಅಂತ ನನಗೆ ಮೊದಲಿಂದ ಕುತೂಹಲ. ಜೀನ್ ಜಾಕ್ ರೂಸೋ 1742ರಲ್ಲಿ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಯ ಮುಂದೆ ಅಂಥದ್ದೊಂದು ಯೋಜನೆ ಇಟ್ಟಿದ್ದ. 1ರಿಂದ 7ರವರೆಗೆ ಅಂಕಿ, ಗೆರೆಯೇ ಬೇಡ. ನಮ್ಮ ಸರಿಗಮ ಬರಹಕ್ಕೆ ಹತ್ತಿರದ ಯೋಚನೆ.

ಹಳೆಕಾಗದ

ಪೂರ್ತಿ ಸೋಲಲಿಲ್ಲ. ಅದೇ ಬಗೆಯ ಅಂಕಿ ಪದ್ಧತಿ ಮುಂದೆ ಏಷ್ಯಾಕ್ಕೆ ಬಂತು. ಚೀನಾದಲ್ಲಿ ಇವತ್ತಿಗೂ ಕೋಟಿಗಟ್ಟಲೆ ಜನ ಅಂಕಿ ನೋಡಿಯೇ ಹಾಡುತ್ತಾರೆ. ಜಾವಾದ ವಾದ್ಯವೃಂದ ಗಮೆಲಾನ್‌ಗೂ ಅಂಕಿಯೇ.

ಯುರೋಪಿನಲ್ಲಿ ಅದಕ್ಕೆ ಬಂದ ಗಟ್ಟಿ ಆಕ್ಷೇಪ ಸಂಗೀತಗಾರ ರಾಮೋನದು. ಅಂಕಿಯಾದರೆ ಪ್ರತಿಯೊಂದನ್ನೂ ಮನಸ್ಸಿನಲ್ಲಿ ಲೆಕ್ಕ ಹಾಕಬೇಕು. ಗೆರೆಯ ಮೇಲಿನ ಸ್ವರಗಳಾದರೆ ಏರಿಳಿತದ ಆಕಾರವೇ ಕಣ್ಣಿಗೆ ಒಟ್ಟಿಗೆ ಬೀಳುತ್ತದೆ. ಆ ಆಕ್ಷೇಪಕ್ಕೆ ತನ್ನ ಬಳಿ ಉತ್ತರ ಇರಲಿಲ್ಲ ಅಂತ ರೂಸೋನೇ ಬರೆದುಕೊಂಡಿದ್ದಾನೆ. ವೇಗವಾಗಿ ಓದುವವರಿಗೆ, ಹತ್ತು ಬೆರಳಿನಲ್ಲಿ ನುಡಿಸುವವರಿಗೆ ರಾಮೋ ಮಾತು ಸರಿ. ಒಂದು ದನಿಯಲ್ಲಿ ಹಾಡುವವರಿಗೆ ಅಂಕಿಯೋ ಸರಿಗಮವೋ ಸಾಕು. ಸ್ವರದ ಮೇಲೆ ಚುಕ್ಕಿ ಇಟ್ಟರೆ ತಾರಸ್ಥಾಯಿ, ಕೆಳಗೆ ಇಟ್ಟರೆ ಮಂದ್ರ, ಒಂದು ಅಲ್ಪವಿರಾಮ ಒಂದು ಮಾತ್ರೆ. ಸಾಮಾನ್ಯ ಕೀಬೋರ್ಡಿನಲ್ಲೂ ಹೆಚ್ಚುಕಮ್ಮಿ ಟೈಪ್ ಮಾಡಬಹುದು. ಯಾರಿಗೆ ಬೇಕು, ಯಾತಕ್ಕೆ ಬೇಕು ಅನ್ನುವುದನ್ನು ಬಿಟ್ಟು ಯಾವುದು ಶ್ರೇಷ್ಠ ಅಂತ ಕೇಳಿದರೆ ಉತ್ತರ ಸಿಗುವುದಿಲ್ಲ.

ತಂಬೂರಿ

ಈ ಮಾತನ್ನು ನಾನು ಒಪ್ಪುತ್ತೇನೆ. ವೇಗದ ಬಗ್ಗೆಯೂ ಹೇಳಿ. ಯಂತ್ರ ಬಂದ ಮೇಲಾದರೂ ಅದು ಕಾಗದಕ್ಕೆ ಸರಿಯಾಗಿ ಬಂತಾ?

ಪಿಯಾನೋ ಪಾಠ

ಬಂತು, ಜಗಳವನ್ನೂ ತಂತು! ಮೆಲ್ಟ್ಸೆಲ್ 1815ರಲ್ಲಿ, ಒಂದೇ ವೇಗದಲ್ಲಿ ಟಿಕ್ ಟಿಕ್ ಅಂತ ಎಣಿಕೆ ಕೊಡುವ ಯಂತ್ರವಾದ ಮೆಟ್ರೊನೋಮ್‌ಗೆ ಪೇಟೆಂಟ್ ಪಡೆದ. ಬೀಥೋವನ್‌ಗೆ ಅದು ಬಹಳ ಇಷ್ಟವಾಗಿ ತನ್ನ ಸಿಂಫನಿಗಳಿಗೆ ನಿಮಿಷಕ್ಕೆ ಇಷ್ಟು ಎಣಿಕೆ ಅಂತ ಅಂಕಿ ಕೊಟ್ಟ. ಹ್ಯಾಮರ್‌ಕ್ಲಾವಿಯರ್ ಸೊನಾಟಾದ ಮೊದಲ ಭಾಗಕ್ಕೆ ನಿಮಿಷಕ್ಕೆ 138 ಹಾಫ್ ನೋಟ್ ಅಂತ ಇದೆ. ಆ ವೇಗದಲ್ಲಿ ನುಡಿಸುವವರು ಕಡಿಮೆ. ನುಡಿಸಬೇಕಾ ಬೇಡವಾ ಅಂತ ಪಿಯಾನೋ ವಾದಕರು ಇವತ್ತಿಗೂ ವಾದ ಮಾಡುತ್ತಾರೆ.

ಕಲಿಯುವವಳು

ಎಲ್ಲರಿಗೂ ತುಂಬಾ ಧನ್ಯವಾದ. ಕೊನೆಯದಾಗಿ ಒಂದು ಕೇಳುತ್ತೇನೆ. ಆಕಾರ ಕಣ್ಣಿಗೆ ಬೀಳಬೇಕು ಅಂದಿರಿ. ಕಣ್ಣು ಕಾಣದವರು ಏನು ಮಾಡುತ್ತಾರೆ?

ಓಲೆಗರಿ

ಲೂಯಿ ಬ್ರೈಲ್ ಸ್ವತಃ ಆರ್ಗನ್ ವಾದಕ. 1829ರಲ್ಲಿ ತನ್ನ ಲಿಪಿಯನ್ನು ಪ್ರಕಟಿಸಿದಾಗಲೇ ಸಂಗೀತವನ್ನೂ ಸೇರಿಸಿದ್ದ. ಬ್ರೈಲ್‌ನ ಒಂದು ಮನೆಯಲ್ಲಿ ಆರು ಚುಕ್ಕಿ. ಮೇಲಿನ ನಾಲ್ಕು ಚುಕ್ಕಿ ಯಾವ ಸ್ವರ ಅಂತ ಹೇಳುತ್ತವೆ. ಕೆಳಗಿನ ಎರಡು ಎಷ್ಟು ಕಾಲ ಅಂತ ಹೇಳುತ್ತವೆ. ಗೆರೆಯೇ ಇಲ್ಲ, ಎಲ್ಲ ಒಂದೇ ಸಾಲಿನಲ್ಲಿ. ಯಾವ ಸ್ಥಾಯಿ ಅನ್ನುವುದಕ್ಕೆ ಬೇರೆ ಗುರುತು ಇದೆ.

ಓದುವ ಕೈ ನುಡಿಸಲಾರದು. ಹಾಗಾಗಿ ಪಿಯಾನೋ ಕಲಿಯುವವರು ಒಂದು ಕೈಯಲ್ಲಿ ಓದಿ ಇನ್ನೊಂದು ಕೈಯ ಭಾಗವನ್ನು ನುಡಿಸಿ ಕಲಿಯುತ್ತಾರೆ. ಆಮೇಲೆ ಕೈ ಬದಲಿಸುತ್ತಾರೆ. ಕೊನೆಗೆ ಎರಡನ್ನೂ ನೆನಪಿನಿಂದ ಕೂಡಿಸುತ್ತಾರೆ. ಹಾಡುವವರಿಗೆ ಈ ತೊಂದರೆ ಇಲ್ಲ, ಬೆರಳು ಓಡುತ್ತಿದ್ದಂತೆ ಹಾಡಬಹುದು. ಮೊದಲು ಒಂದೊಂದು ಕೃತಿಯನ್ನೂ ಯಾರಾದರೂ ಕೂತು ಬ್ರೈಲ್‌ಗೆ ಬರೆಯಬೇಕಿತ್ತು. ಈಗ ಕಂಪ್ಯೂಟರಿನಲ್ಲಿರುವ ನೊಟೇಶನ್ ಫೈಲನ್ನು ಬ್ರೈಲ್‌ಗೆ ಬದಲಿಸುವ ಸಾಫ್ಟ್‌ವೇರ್‌ಗಳಿವೆ. ನಿಮಗೆ ಪರಿಚಯದವರು ಯಾರಾದರೂ ಕಲಿಯುತ್ತಿದ್ದರೆ ಹೇಳಿ, ಎಲ್ಲಿಂದ ಶುರು ಮಾಡಬಹುದು ಅಂತ ಬರೆಯುತ್ತೇನೆ.